ರಹಿಮಾಬಿಯ ಹೆಬ್ಬೆರಳು

ಸಿಂದಗಿಯ ಬಳೆಗಾರ್ತಿ ರಹಿಮಾಬಿ ಯಾರ ಕೈ ಹಿಡಿದರೂ ಅಳತೆ ಎಷ್ಟೆಂದು ಕೇಳುತ್ತಿರಲಿಲ್ಲ. ನಾಲ್ಕು ಬೆರಳನ್ನು ಒಟ್ಟು ಮಾಡಿ, ಹೆಬ್ಬೆರಳನ್ನು ಅಂಗೈಯೊಳಗೆ ಮಡಚಿ, ಗೆಣ್ಣಿನ ಮೇಲೆ ಒಮ್ಮೆ ಒತ್ತಿ ನೋಡುತ್ತಿದ್ದಳು, ಅಷ್ಟೇ. ಆಮೇಲೆ ಮಲಾರದಿಂದ, ಅಂದರೆ ಹಗ್ಗಕ್ಕೆ ಪೋಣಿಸಿದ ಬಳೆಗಳ ಆ ದೊಡ್ಡ ಗೊಂಚಲಿನಿಂದ, ಹನ್ನೆರಡು ಬಳೆ ಬಿಚ್ಚಿದರೆ ಹನ್ನೆರಡೂ ಆ ಕೈಗೇ ಮಾಡಿಸಿದಂತೆ ಇರುತ್ತಿದ್ದವು. ಸಾಬೂನು ನೀರಿನಲ್ಲಿ ಕೈ ಅದ್ದಿಸಿ, ಏನಾದರೊಂದು ಮಾತು ತೆಗೆದು, ಎದುರಿಗೆ ಕೂತವಳು ಉತ್ತರ ಹೇಳುವಷ್ಟರಲ್ಲಿ ಬಳೆಯನ್ನು ಗೆಣ್ಣು ದಾಟಿಸಿಬಿಡುತ್ತಿದ್ದಳು. ಅವಳ ಎದುರು ಕೂತವರು ನೋವಿಗೆ ಹಲ್ಲು ಕಚ್ಚಿದ್ದನ್ನು ಕಂಡವರಿಲ್ಲ.

ಈ ಕಡೆಯ ಹೆಂಗಸರಿಗೆ ಬಳೆ ಬಿಗಿಯಾಗಿ ಕೂಡಬೇಕು. ರೊಟ್ಟಿ ಬಡಿಯುವಾಗ ಬಳೆ ಜಾರಿ ಹಿಟ್ಟಿಗೆ ಬಂದರೆ ಬಳೆಗಾರ್ತಿಯನ್ನು ಬೈಯುತ್ತಾರೆ. ಬಿಗಿ ಬಳೆ ಏರಬೇಕಾದರೆ ಬಳೆಗಾರ್ತಿಯ ಹೆಬ್ಬೆರಳು ಗಟ್ಟಿ ಇರಬೇಕು. ರಹಿಮಾಬಿ ಮದುವೆಯಾಗಿ ಬಂದಂದಿನಿಂದ, ಅಂದರೆ ಮೂವತ್ತೊಂದು ವರ್ಷ, ಅದೇ ಬಲಗೈ ಹೆಬ್ಬೆರಳಿನಿಂದ ಸಿಂದಗಿ ಸುತ್ತಿನ ಹಳ್ಳಿಗಳ ಕೈಗಳನ್ನೆಲ್ಲ ಒತ್ತಿದ್ದಳು. ಎರಡು ಸಾವಿರದ ಒಂದನೆಯ ಇಸವಿಯ ಚಳಿಗಾಲದಲ್ಲಿ ಆ ಹೆಬ್ಬೆರಳಿನ ಬುಡ ನೋಯಲು ಹತ್ತಿತು. ಮೊದಮೊದಲು ಬಟ್ಟೆ ಹಿಂಡುವಾಗ ನೋಯುತ್ತಿತ್ತು. ಆಮೇಲೆ ಬೀಗ ತಿರುಗಿಸುವಾಗ. ಆಮೇಲೆ ಬಳೆ ಏರಿಸುವಾಗಲೂ ಬಂತು.

ಝಳಕಿಯಲ್ಲಿ ಒಂದು ಹುಡುಗಿಯ ಕೈ ಒತ್ತುತ್ತಿದ್ದಾಗ ಹೆಬ್ಬೆರಳು ತಟಕ್ಕನೆ ಸೋತು, ಎರಡು ಬಳೆ ಹೆಚ್ಚಾದವು. ಬಳೆ ಒಡೆಯಿತು ಎನ್ನಬಾರದು, ಹೆಚ್ಚಾಯಿತು ಎನ್ನಬೇಕು. ಹಾಗೆಂದರೂ ಹುಡುಗಿಯ ಮಣಿಕಟ್ಟಿನಲ್ಲಿ ರಕ್ತದ ಗೆರೆ ಮೂಡಿತು. ಹುಡುಗಿ ನಕ್ಕು ಸುಮ್ಮನಾದಳು. ರಹಿಮಾಬಿ ಮಾತ್ರ ಬಸ್ಸಿನಲ್ಲಿ ಮನೆ ಮುಟ್ಟುವ ತನಕ ಆ ಹೆಬ್ಬೆರಳನ್ನು ಎಡಗೈ ಮುಷ್ಟಿಯೊಳಗೆ ಹಿಡಿದುಕೊಂಡಿದ್ದಳು. ಅವಳಿಗೆ ಹತ್ತಿದ ಅಂಜಿಕೆ ಒಂದೇ: ಈ ಸುದ್ದಿ ಹಬ್ಬಿದರೆ ಇನ್ನು ತನ್ನ ಮುಂದೆ ಯಾರೂ ಕೈ ಚಾಚುವುದಿಲ್ಲ.

ಅವಳ ಗಂಡ ಕಾಸಿಂಸಾಬ ಮಲಾರ ಹೊತ್ತು ಜೊತೆಗೆ ತಿರುಗುವವನು. ಅವನ ಕಣ್ಣಿಗೆ ಏನೂ ತಪ್ಪುತ್ತಿರಲಿಲ್ಲ.

“ಕೈ ತೋರ್ಸು.”

“ಏನೂ ಆಗಿಲ್ಲ ತಗೋರಿ.”

“ಏನೂ ಆಗಿಲ್ಲಂದ್ರ ಬ್ಯಾಳಿ ಬೋಗುಣಿ ಎಡಗೈಲೆ ಯಾಕ ಇಳಿಸಿದಿ?”

“ಎಡಗೈ ನಂದಲ್ಲೇನು?”

ಕಾಸಿಂಸಾಬನೇ ಹೋಗಿ ಪೇಟೆಯ ಗುರಪ್ಪನ ಔಷಧಿ ಅಂಗಡಿಯಿಂದ ಒಂದು ಟ್ಯೂಬು ತಂದುಕೊಟ್ಟ. ಗುರಪ್ಪ ಹೇಳಿ ಕಳಿಸಿದ್ದ: ತೆಳ್ಳಗೆ ಹಚ್ಚಬೇಕು, ವಾರ ನೋಡಬೇಕು, ಕಡಿಮೆಯಾಗದಿದ್ದರೆ ಡಾಕ್ಟರಿಗೆ ತೋರಿಸಬೇಕು. ರಹಿಮಾಬಿ ಎರಡು ದಿನ ಹಚ್ಚಿ ಬಿಟ್ಟಳು. ಆ ಟ್ಯೂಬಿನ ಔಷಧಿ ನೀರಿನಂತೆ ತಣ್ಣಗಿತ್ತು. ಉರಿಯಲಿಲ್ಲ, ಕಣ್ಣಲ್ಲಿ ನೀರು ತರಿಸಲಿಲ್ಲ. ಉರಿಯದ್ದು ಔಷಧಿ ಹೇಗಾದೀತು ಎಂದು ಅವಳ ಲೆಕ್ಕ.

ಆಮೇಲೆ ಒಂದರ ಹಿಂದೆ ಒಂದು ಬಂದವು. ಇಂಡಿ ಬಸ್‌ಸ್ಟ್ಯಾಂಡಿನಲ್ಲಿ ಒಬ್ಬ ತನ್ನ ಮೊಣಕಾಲನ್ನೇ ಬಡಿದು ತೋರಿಸುತ್ತ ಮಾರುತ್ತಿದ್ದ ಕೆಂಪು ಎಣ್ಣೆಯ ಬಾಟಲಿ. ಅದರ ಮೇಲೆ ಒಂದು ಚೀಟಿ ಕೂಡ ಇರಲಿಲ್ಲ. ಮುದ್ದೇಬಿಹಾಳದಿಂದ ತಂಗಿ ಮಾಬುಬಿ ಕಳಿಸಿದ ಪುಟ್ಟ ತಗಡಿನ ಡಬ್ಬಿಯ ಮುಲಾಮು. ಬಸವನ ಬಾಗೇವಾಡಿಯ ನಾದಿನಿ ಕೊಟ್ಟ ಬಿಳಿ ಮುಲಾಮು. ನಾಲ್ಕು ತಾಲೂಕಿನ ಔಷಧಿ ಒಂದು ಹೆಬ್ಬೆರಳಿಗೆ. ಮುಂಜಾನೆ ಒಂದು, ಮಧ್ಯಾಹ್ನ ಒಂದು, ಸಂಜೆಗೆ ಒಂದು, ಹೀಗೆ ಯಾರ ಮನಸ್ಸೂ ನೋಯದಂತೆ ಟ್ಯೂಬೊಂದನ್ನು ಬಿಟ್ಟು ಎಲ್ಲವನ್ನೂ ಹಚ್ಚುತ್ತಿದ್ದಳು. ಒಮ್ಮೆ ಮುಲಾಮು ಬಳಿದು, ಅದರ ಮೇಲೆ ಎಕ್ಕೆಯ ಎಲೆಯನ್ನು ಹಂಚಿನಲ್ಲಿ ಕಾಯಿಸಿ ಇಟ್ಟು, ಹಳೇ ಅರಿವೆಯಿಂದ ಬಿಗಿದು ಕಟ್ಟಿಕೊಂಡಳು. ಬೆಳಗಾಗುವುದರೊಳಗೆ ಹೆಬ್ಬೆರಳ ಬುಡದಲ್ಲಿ ಅವರೆಕಾಳಿನಷ್ಟು ದೊಡ್ಡ ಗುಳ್ಳೆ ಎದ್ದಿತ್ತು.

“ನೋಡು, ಸುಟ್ಟುಕೊಂಡಿ,” ಎಂದ ಕಾಸಿಂಸಾಬ.

“ಸುಟ್ಟದ್ದು ಎಲಿ. ಮಲಾಮ ಏನ ಮಾಡೀತು ಪಾಪ?”

ಗುಳ್ಳೆ ಒಣಗಿ ಹೊಸ ಚರ್ಮ ಬರುವ ತನಕ ತಡೆದು, ಮತ್ತೆ ಶುರು ಮಾಡಿದಳು. ಎಲೆಯನ್ನು ಮಾತ್ರ ಬಿಟ್ಟಳು. ಹಚ್ಚಿದ ಮೇಲೆ ಅರ್ಧ ತಾಸು ಹೆಬ್ಬೆರಳು ಕಾದು ಮೆತ್ತಗಾಗುತ್ತಿತ್ತು, ಸುಳ್ಳಲ್ಲ. ಆ ಅರ್ಧ ತಾಸಿನಲ್ಲಿ ಆರೇಳು ಕೈಗಳಿಗೆ ಬಳೆ ಏರಿಸಬಹುದಿತ್ತು. ಹೀಗಾಗಿ ಅವಳು ಮುಲಾಮನ್ನು ಕೆಲಸದ ನಡುವೆಯೇ ಹಚ್ಚಿಕೊಳ್ಳುವ ರೂಢಿ ಮಾಡಿಕೊಂಡಳು. ತಪ್ಪಾದದ್ದು ಅಲ್ಲಿಯೇ.

ದೇವಣಗಾಂವದ ಹುಲಿಗೆವ್ವನ ಮನೆಯಿಂದ ಕರೆ ಬಂದದ್ದು ಮಾಘ ಮಾಸದಲ್ಲಿ. ಹುಲಿಗೆವ್ವ ಹೊಲಮನೆಯ ಯಜಮಾನಿ, ದನಿ ದೊಡ್ಡದು. ಅವಳ ಮಗಳು ಭುವನೇಶ್ವರಿ ಬಾಣಂತನಕ್ಕೆ ತವರಿಗೆ ಬಂದವಳು, ಐದು ತಿಂಗಳ ಹೆಣ್ಣು ಕೂಸಿನೊಂದಿಗೆ ಇಂಡಿಗೆ ಗಂಡನ ಮನೆಗೆ ಹೊರಡುವವಳಿದ್ದಳು. ಹೊರಡುವ ಮೊದಲು ತಾಯಿಗೂ ಕೂಸಿಗೂ ಬಳೆ ಇಡಿಸಬೇಕು, ಜೊತೆಗೆ ಓಣಿಯ ಮುತ್ತೈದೆಯರಿಗೂ. ಭುವನೇಶ್ವರಿಯ ಮದುವೆಯ ಬಳೆ ರಹಿಮಾಬಿಯದು, ಬಸಿರಿನಲ್ಲಿ ಮಾಡಿದ ಕುಬಸದ ಹಸಿರು ಬಳೆಯೂ ಅವಳದೇ. ಈಗ ‘ಹೆಬ್ಬೆರಳು ನೋಯುತ್ತದೆ, ಇನ್ನೊಬ್ಬಳನ್ನು ಕರೆಯಿರಿ’ ಎನ್ನಲು ಅವಳಿಗೆ ಬಾಯಿ ಬರಲಿಲ್ಲ. ಒಮ್ಮೆ ಇನ್ನೊಬ್ಬಳು ಆ ಅಂಗಳದಲ್ಲಿ ಕೂತರೆ ತಾನು ಎದ್ದಂತೆಯೇ.

ಬಸ್ಸಿನಲ್ಲಿ ಕೂತು ತಗಡಿನ ಡಬ್ಬಿಯ ಮುಲಾಮನ್ನು ದಪ್ಪಗೆ ಹಚ್ಚಿಕೊಂಡಳು. ಕಾಸಿಂಸಾಬ ಮೂಗು ಮುಚ್ಚಿಕೊಂಡು ಕಿಟಕಿಯ ಕಡೆ ತಿರುಗಿದ. ಊರು ಮುಟ್ಟಿದ ಮೇಲೆ ಅವನು ಮಲಾರ ಇಳಿಸಿ ಗಂಡಸರ ಕಡೆ ಕಟ್ಟೆಗೆ ಹೋದ. ಹುಲಿಗೆವ್ವ ಹಿತ್ತಾಳೆಯ ಬೋಗುಣಿಯಲ್ಲಿ ಸಾಬೂನು ನೀರು ಕಲಸಿ ತಂದಿಟ್ಟಳು. ರಹಿಮಾಬಿ ಕೈಯನ್ನು ಅದರಲ್ಲೇ ಅದ್ದಿ ತೊಳೆದುಕೊಂಡಳು. ಸಾಬೂನು ನೀರಲ್ಲಿ ತೊಳೆದ ಕೈ ಶುದ್ಧವಾಯಿತು ಎಂದೇ ಅವಳ ನಂಬಿಕೆ. ತೊಳೆದ ಮುಲಾಮು ಎಲ್ಲಿ ಹೋಯಿತೆಂದು ಯೋಚಿಸಲಿಲ್ಲ.

ಪಡಸಾಲೆಯಲ್ಲಿ ಹನ್ನೊಂದು ಹೆಂಗಸರು. ಒಬ್ಬೊಬ್ಬರೇ ಬೋಗುಣಿಯಲ್ಲಿ ಕೈ ಅದ್ದಿ ಮುಂದೆ ಕೂಡುತ್ತಿದ್ದರು. ಐದು ಕೈ ಮುಗಿದ ಮೇಲೆ ಹೆಬ್ಬೆರಳು ಮತ್ತೆ ಕಟಕಟ ಎಂದಿತು. ರಹಿಮಾಬಿ ನೀರು ಕುಡಿಯುವ ನೆಪ ಮಾಡಿ ದನದ ಕೊಟ್ಟಿಗೆಯ ಕಡೆ ಹೋಗಿ ಇನ್ನೊಮ್ಮೆ ಹಚ್ಚಿಕೊಂಡು ಬಂದಳು. ಸ್ವಲ್ಪ ಹೊತ್ತಿಗೆ ಬಳೆ ಇಡಿಸಿಕೊಂಡು ಕೂತಿದ್ದ ರಾಮವ್ವ ಕಣ್ಣು ಉಜ್ಜಿಕೊಳ್ಳಲು ಹತ್ತಿದಳು.

“ಯವ್ವಾ, ಕಣ್ಣು ಯಾಕೋ ಚುರುಚುರು ಅನ್ನಾಕತ್ತಾವು.”

“ಉಳ್ಳಾಗಡ್ಡಿ ಹೆಚ್ಚಿ ಹಂಗ ಬಂದೀಯೇನ?” ಎಂದಳು ಪಕ್ಕದವಳು.

“ಇಲ್ಲವಾ, ಕೈ ತೊಳಕೊಂಡ ಬಂದೇನಿ.”

“ಹಂಗಾರ ಭುವನೇಶ್ವರಿ ಹೊಂಟಾಳಂತ ಅಳು ಬಂದೈತಿ ನಿನಗ. ಹಡದವ್ವ ಅಳವಲ್ಲಳು, ನೀ ಅಳಾಕತ್ತಿ!”

ಎಲ್ಲರೂ ನಕ್ಕರು. ಹೀಗೆಂದವಳೂ ನಕ್ಕು ಕಣ್ಣು ಒರೆಸಿಕೊಂಡಳು, ಒರೆಸಿಕೊಂಡ ಮೇಲೆ ಅವಳ ಕಣ್ಣಿನಲ್ಲೂ ನೀರು ಇಳಿಯಿತು. ರಹಿಮಾಬಿಯೂ ನಗುತ್ತಿದ್ದಳು. ಬಳೆಗಳು ಸರಾಗ ಏರುತ್ತಿದ್ದವು, ಅವಳ ಜೀವ ಹಗುರಾಗಿತ್ತು.

ಕೊನೆಗೆ ಕೂಸಿನ ಸರದಿ. ಭುವನೇಶ್ವರಿ ಕೂಸನ್ನು ತೊಡೆಯ ಮೇಲೆ ಕೂಡಿಸಿಕೊಂಡಳು. ಎರಡು ಕರಿ ಬಳೆ, ರಹಿಮಾಬಿಯ ಉಂಗುರದ ಎರಡು ಪಾಲು ಅಗಲ ಇರಬಹುದು. ಕೂಸಿನ ಕೈಗೆ ಸಾಬೂನು ನೀರಿನ ಗರಜೇ ಇರಲಿಲ್ಲ, ಎಲುಬು ಇನ್ನೂ ಬೆಣ್ಣೆಯಂತಿತ್ತು. ಆದರೂ ಕೈ ರೂಢಿಯಂತೆ ನಡೆಯಿತು. ಪುಟ್ಟ ಮುಷ್ಟಿಯನ್ನು ಬೋಗುಣಿಯಲ್ಲಿ ಅದ್ದಿದಳು, ಬಳೆ ಏರಿಸಿದಳು, ಕೆನ್ನೆ ಸವರಿದಳು.

“ಏ ರಾಣಿ, ಅಪ್ಪನ ಮನಿಗೆ ಹೊಂಟೀಯೇನ?”

ಕೂಸು ಮುಷ್ಟಿಯನ್ನು ಬಾಯಿಗೆ ಹಾಕಿಕೊಂಡಿತು. ಐದು ತಿಂಗಳ ಕೂಸು ಇನ್ನೇನು ಮಾಡೀತು? ಒಮ್ಮೆ ಚೀಪಿತು. ಮುಖ ಕಿವಿಚಿತು. ಆಮೇಲೆ ಅದೇ ಮುಷ್ಟಿಯಿಂದ ಕಣ್ಣು ಮೂಗು ಎಲ್ಲ ಉಜ್ಜಿಕೊಂಡಿತು. ಕೆಮ್ಮು ಬಂತು, ಮುಖ ಕೆಂಪಾಯಿತು, ಅಳಲು ಬಾಯಿ ತೆರೆದರೂ ದನಿ ಹೊರಡಲಿಲ್ಲ. ಉಸಿರು ಎಲ್ಲೋ ಸಿಕ್ಕಿಕೊಂಡಂತೆ ಆ ಪುಟ್ಟ ಎದೆ ಒಂದು ಕ್ಷಣ ನಿಂತೇಬಿಟ್ಟಿತು. ಆಮೇಲೆ ಚೀರಿತು ನೋಡಿ, ಮನೆ ಹಾರಿಹೋಗುವಂತೆ.

“ಯವ್ವಾ, ಕೂಸಿಗೆ ಏನಾತ!” ಎಂದು ಭುವನೇಶ್ವರಿ ಎದ್ದು ನಿಂತಳು.

“ದೃಷ್ಟಿ ಆತು, ಮತ್ತೇನ?” ಎಂದಳು ಹುಲಿಗೆವ್ವ. “ಓಣಿ ಮಂದಿ ಎಲ್ಲಾ ಸುತ್ತ ಕುಂತು ಕಣ್ಣು ಬಿಟಗೊಂಡು ನೋಡಾಕತ್ರ ಆಗೂದಿಲ್ಲೇನ? ಸರೀರಿ ಆಕಡೆ.” ಅಡಿಗೆ ಮನೆಗೆ ಓಡಿ, ಉಪ್ಪು ಮತ್ತು ಒಣಮೆಣಸಿನಕಾಯಿಯನ್ನು ಮುಷ್ಟಿಯಲ್ಲಿ ಹಿಡಿದು, ಇನ್ನೊಂದು ಕೈಯಲ್ಲಿ ಕೆಂಡದ ಹರಿವಾಣ ಹಿಡಿದು ಬಂದಳು.

ರಹಿಮಾಬಿ ಬೋಗುಣಿಯ ಕಡೆ ನೋಡಿದಳು. ಮೇಲಿನ ಬೆಳಕಿಂಡಿಯಿಂದ ಬಿಸಿಲು ನೇರ ಆ ನೀರಿನ ಮೇಲೆ ಬಿದ್ದಿತ್ತು. ನೀರಿನ ಮೇಲೆ ತೆಳ್ಳನೆಯ ಎಣ್ಣೆಯ ಪೊರೆ, ಅದರಲ್ಲಿ ಹಸಿರು ನೇರಳೆ ಬಣ್ಣಗಳು ಆಡುತ್ತಿದ್ದವು. ಬಗ್ಗಿ ಮೂಸಿದಳು. ಸಾಬೂನಿನ ವಾಸನೆಯ ಕೆಳಗೆ ಕರ್ಪೂರ ಘಮ್ಮೆಂದಿತು. ರಾಮವ್ವನ ಕಣ್ಣು, ಪಕ್ಕದವಳ ಕಣ್ಣು, ಈಗ ಕೂಸು, ಎಲ್ಲ ಒಂದೇ ಸಲಕ್ಕೆ ಅವಳಿಗೆ ತಿಳಿಯಿತು.

ಯಾರೂ ಅವಳನ್ನು ಏನೂ ಕೇಳಿರಲಿಲ್ಲ. ದೃಷ್ಟಿಯ ಮೇಲೆ ತಪ್ಪು ಹೊರಿಸಿಯಾಗಿತ್ತು. ಸುಮ್ಮನೆ ಮಲಾರ ಕಟ್ಟಿಕೊಂಡು ಎದ್ದರೆ ಅವಳ ಹೆಸರು, ಅವಳ ಅಂಗಳ, ಅವಳ ಮೂವತ್ತೊಂದು ವರ್ಷ ಎಲ್ಲ ಹಾಗೆಯೇ ಉಳಿಯುತ್ತಿತ್ತು. ಅಷ್ಟರಲ್ಲಿ ಹುಲಿಗೆವ್ವ ಹರಿವಾಣವನ್ನು ಕೂಸಿನ ಹತ್ತಿರ ತಂದಳು. ಉಸಿರು ಸಿಕ್ಕ ಕೂಸಿಗೆ ಮೆಣಸಿನಕಾಯಿಯ ಹೊಗೆ!

“ಯಕ್ಕಾ, ಹಾಕಬ್ಯಾಡ್ರಿ!” ರಹಿಮಾಬಿ ಕೂಗಿದ ದನಿ ಅವಳಿಗೇ ಹೊಸದಾಗಿತ್ತು. “ದೃಷ್ಟಿ ಅಲ್ರಿ ಅದು. ನನ್ನ ಕೈ. ಕೈ ನೋಯತೈತಂತ ಮಲಾಮ ಹಚ್ಚೇನಿ. ಬೋಗುಣ್ಯಾಗೆಲ್ಲಾ ಅದ ಐತ್ರಿ. ಕೂಸಿನ ಬಾಯಾಗ, ಕಣ್ಣಾಗ ಅದ ಹೋಗೈತಿ.”

ಹುಲಿಗೆವ್ವ ಮೆಣಸಿನಕಾಯಿ ಹಿಡಿದ ಕೈ ಎತ್ತಿದವಳು ಎತ್ತಿದಂತೆಯೇ ನಿಂತಳು.

“ಒಳ್ಳೆ ನೀರು ತರ್ರಿ,” ಎಂದಳು ರಹಿಮಾಬಿ. “ನಾ ಮುಟ್ಟೂದಿಲ್ಲ. ನೀವ ತೊಳೀರಿ. ಮೊದಲ ನಿಮ್ಮ ಕೈ ತೊಳಕೋರಿ.”

ಭುವನೇಶ್ವರಿ ಕೂಸಿನ ಬಳೆ ತೆಗೆದು, ಕೊಡದ ನೀರಿನಿಂದ ಅದರ ಕೈ, ಮುಖ ತೊಳೆದಳು. ರಾಮವ್ವ ಮೂರು ಮನೆ ಆಚೆ ಇದ್ದ ನರ್ಸಬಾಯಿ ಭಾಗ್ಯಜ್ಯೋತಿಯನ್ನು ಕರೆತಂದಳು. ವಯಸ್ಸಿನಲ್ಲಿ ಚಿಕ್ಕವಳಾದರೂ ಭಾಗ್ಯಜ್ಯೋತಿಯ ಮಾತು ಗಟ್ಟಿ. ಕೂಸನ್ನು ನೆಟ್ಟಗೆ ಹಿಡಿಸಿ, ಕಣ್ಣಿಗೆ ಮೂಗಿನ ಕಡೆಯಿಂದ ಕಿವಿಯ ಕಡೆಗೆ ತಿಳಿನೀರು ಬಿಡುತ್ತ ಹೋದಳು. ಹಸಿ ಅರಿವೆಯಿಂದ ಬಾಯೊಳಗೆ ಒರೆಸಿದಳು. ಎದೆಗೆ ಕಿವಿ ಇಟ್ಟು ಕೇಳಿದಳು.

“ಉಪ್ಪಿನ ನೀರು ಕುಡಿಸಿ ಕಾರಸೂಣೇನ್ರಿ?” ಎಂದಳು ಹುಲಿಗೆವ್ವ.

“ಕಾರಸಬ್ಯಾಡ್ರಿ. ಅದು ಮತ್ತ ಗಂಟಲಕ್ಕ, ಉಸಿರಿನ ಕೊಳವಿಗೆ ಹೋಗತೈತಿ. ಈಗ ಉಸಿರು ಸಮ ಐತಿ. ಆದ್ರ ಕರ್ಪೂರದ ಮಲಾಮ ಅಂದ್ರ ಸಣ್ಣ ಕೂಸಿಗೆ ಕೆಟ್ಟ. ಹೊಟ್ಟ್ಯಾಗ ಹೋತಂದ್ರ ಫಿಟ್ಸ ಸೈತ ಬರಬಹುದು. ಡಾಕ್ಟರ್ ನೋಡ್ಲಿ. ಡಬ್ಬಿ ಎಲ್ಲೈತಿ? ಅದನ್ನೂ ತಗೊಂಡ ನಡೀರಿ.”

ಊರಿನ ಜೀಪು ಗೊತ್ತು ಮಾಡಿ ಸಿಂದಗಿಗೆ ಹೊರಟರು. ಹುಲಿಗೆವ್ವ ಮುಂದೆ, ಭುವನೇಶ್ವರಿ ಕೂಸಿನೊಂದಿಗೆ ನಡುವೆ, ನರ್ಸಬಾಯಿ ಪಕ್ಕದಲ್ಲಿ. ಕಾಸಿಂಸಾಬ ಮಲಾರದೊಂದಿಗೆ ಬಸ್ಸಿಗೆ ನಿಂತ. ರಹಿಮಾಬಿ ಹಿಂದಿನ ಸೀಟಿನ ತುದಿಯಲ್ಲಿ ಕೂತು, ಎರಡೂ ಕೈಯನ್ನು ಸೆರಗಿನಲ್ಲಿ ಸುತ್ತಿ ತೊಡೆಯ ನಡುವೆ ಇಟ್ಟುಕೊಂಡಳು. ಜೀಪು ಎಷ್ಟು ಎಗರಿದರೂ ಯಾವ ಕಂಬಿಯನ್ನೂ ಹಿಡಿಯಲಿಲ್ಲ. ದಾರಿಯುದ್ದಕ್ಕೂ ಹುಲಿಗೆವ್ವ ಹಿಂದೆ ತಿರುಗಿ ನೋಡಲಿಲ್ಲ. ಬೈದಿದ್ದರೆ ರಹಿಮಾಬಿಗೆ ಸುಲಭ ಆಗುತ್ತಿತ್ತು.

ಡಾಕ್ಟರು ಡಬ್ಬಿ ನೋಡಿದರು, ಕೂಸನ್ನು ನೋಡಿದರು. ಹೊಟ್ಟೆಗೆ ಹೋದದ್ದು ಬಹಳ ಕಡಿಮೆ ಕಾಣುತ್ತದೆ, ಆದರೂ ಮೂರು ತಾಸು ಇಲ್ಲೇ ಇರಿ, ಮಂಪರು ಬಂದರೆ, ವಾಂತಿಯಾದರೆ, ಮೈ ನಡುಗಿದರೆ ಕೂಡಲೇ ಕರೆಯಿರಿ ಎಂದರು. ದವಾಖಾನೆಯ ಜಗುಲಿಯಲ್ಲಿ ಬೇವಿನ ಮರದ ನೆರಳು. ಮೊದಲ ತಾಸೆಲ್ಲ ಭುವನೇಶ್ವರಿ ಕೂಸಿನ ಕಣ್ಣನ್ನೇ ನೋಡುತ್ತ ಕೂತಳು. ಎರಡನೆಯ ತಾಸಿಗೆ ಕೂಸು ಹಾಲು ಕುಡಿದು, ತಾಯಿಯ ಮೂಗು ಹಿಡಿದು ಎಳೆಯಿತು. ಭುವನೇಶ್ವರಿ ನಕ್ಕಳು, ನಗುತ್ತಲೇ ಅತ್ತಳು. ಆಗ ರಹಿಮಾಬಿ ಸೆರಗಿನಲ್ಲಿ ಸುತ್ತಿದ್ದ ಕೈಗಳನ್ನು ಬಿಚ್ಚಿದಳು.

“ಅಮ್ಮಾ, ಕೈ ತೋರಸ್ರಿ,” ಎಂದು ಭಾಗ್ಯಜ್ಯೋತಿ ಅವಳ ಪಕ್ಕಕ್ಕೆ ಬಂದು ಕೂತಳು. ಹೆಬ್ಬೆರಳ ಬುಡದ ಸುಟ್ಟ ಕಲೆಯನ್ನೂ ಊತವನ್ನೂ ನೋಡಿದಳು. “ಎಷ್ಟ ದಿನಾ ಆತು? ಏನೇನ ಹಚ್ಚೀರಿ? ತಗೀರಿ ಹೊರಗ.”

ರಹಿಮಾಬಿ ಚೀಲ ಸುರಿದಳು. ಬಾಟಲಿ, ಡಬ್ಬಿ, ಇನ್ನೊಂದು ಡಬ್ಬಿ, ಟ್ಯೂಬು.

“ಯವ್ವಾ, ಇಷ್ಟ? ಅಂಗಡಿ ಇಡ್ತೀರೇನು?”

“ಒಂದಕ್ಕ ಹೋಗ್ಲಿಲ್ಲ, ಇನ್ನೊಂದಕ್ಕ ಹೋದೀತು ಅಂತ…”

ಭಾಗ್ಯಜ್ಯೋತಿ ಕೆಂಪು ಎಣ್ಣೆಯ ಬಾಟಲಿಯನ್ನು ತಿರುಗಿಸಿ ತಿರುಗಿಸಿ ನೋಡಿದಳು. “ಇದಕ್ಕ ಹೆಸರಿಲ್ಲ, ಮಾಡಿದವರ ಊರಿಲ್ಲ, ಒಳಗೇನೈತಿ ಬರದಿಲ್ಲ, ತಾರೀಖಿಲ್ಲ. ಇದು ಕೂಸಿನ ಬಾಯಿಗೆ ಹೋಗಿತ್ತಂದ್ರ ಡಾಕ್ಟರಿಗೆ ಏನಂತ ಹೇಳ್ತಿದ್ರಿ? ಇಂಥಾವ ಬ್ಯಾಡ.” ಅದನ್ನು ಬೇರೆ ಇಟ್ಟಳು. ತಗಡಿನ ಡಬ್ಬಿ ಮತ್ತು ಬಿಳಿ ಮುಲಾಮಿನ ಡಬ್ಬಿಯ ಸಣ್ಣ ಅಕ್ಷರಗಳನ್ನು ಬೆಳಕಿಗೆ ಹಿಡಿದು ಓದಿದಳು. “ಇದ್ರಾಗ ಪುದೀನಾ ಹರಳು, ಕರ್ಪೂರ, ನೀಲಗಿರಿ ಎಣ್ಣಿ. ಇದ್ರಾಗ ಏನೈತಿ? ಪುದೀನಾ ಹರಳು, ಕರ್ಪೂರ, ನೀಲಗಿರಿ ಎಣ್ಣಿ. ಹೆಸರು ಎರಡು, ಮಾಲು ಒಂದ. ಒಂದ ಸೀರಿ ಮ್ಯಾಲ ಇನ್ನೊಂದು ಸೀರಿ ಉಟ್ಟಂಗಾತು.”

“ಅದಕ್ಕ ಅಷ್ಟು ಸೆಕಿ!” ಎಂದಳು ಭುವನೇಶ್ವರಿ. ಹುಲಿಗೆವ್ವನ ತುಟಿ ಸ್ವಲ್ಪ ಅಲುಗಿತು.

“ಈ ಟ್ಯೂಬು ಬ್ಯಾರೆ. ಇದ್ರಾಗ ನೋವಿನ ಔಷಧಿ ಐತಿ. ಇದನ್ನ ಯಾಕ ಬಿಟ್ರಿ?”

“ಅದು ಉರಿಯೂದ ಇಲ್ರಿ, ನರ್ಸಬಾಯಾರ.”

“ಉರಿಬೇಕಂತ ಎಲ್ಲಿ ಬರದೈತಿ? ಉರಿ ಅಂದ್ರ ನೋವು ಮರೆಸೂದು, ಅಷ್ಟ. ಈ ಕರ್ಪೂರದ್ದು ಕಾಲಿಗೋ ಬೆನ್ನಿಗೋ ಅಪರೂಪಕ್ಕ ಒಮ್ಮೆ ತೆಳ್ಳಗ ಹಚ್ಚಿದ್ರ ನಡೀತೈತಿ. ಹರದ ಚರ್ಮಕ್ಕ ಹಚ್ಚಬಾರ್ದು, ಮ್ಯಾಲ ಬಿಗದು ಕಟ್ಟಬಾರ್ದು, ಕಾವು ಕೊಡಬಾರ್ದು. ನಿಮ್ಮ ಗುಳ್ಳಿ ಎದ್ದದ್ದು ಹಂಗ ಅಲ್ಲೇನು?”

“ಎಲಿ ಸುಟ್ಟಿತ್ರಿ ಅದು.”

“ಎಲಿ ಕಾವು ಕೊಟ್ಟಿತು, ಮಲಾಮ ಒಳಗ ಇಳೀತು. ಇಬ್ಬರೂ ಕೂಡೇ ಸುಟ್ರು. ಇನ್ ಮ್ಯಾಲ ಒಂದ ಔಷಧಿ. ಹೊಸಾದಂದ್ರ ಮೊದಲ ಮೊಣಕೈ ಹತ್ರ ಕಡ್ಲಿಕಾಳಿನಷ್ಟು ಹಚ್ಚಿ ಒಂದ ದಿನ ನೋಡ್ರಿ. ಕೆಂಪಾತು, ತುರಿಸ್ತು ಅಂದ್ರ ಬ್ಯಾಡ. ಹೊಟ್ಟಿ ಹುಣ್ಣು, ಉಬ್ಬಸ ಐತೇನು? ರಕ್ತ ತೆಳ್ಳಗ ಮಾಡೂ ಗುಳಿಗಿ ನುಂಗ್ತೀರೇನು?”

“ಏನೂ ಇಲ್ರಿ.”

“ಇದ್ರ ಡಾಕ್ಟರನ್ನ ಕೇಳದ ಈ ಟ್ಯೂಬು ಸೈತ ಹಚ್ಚಬಾರ್ದು. ಹಚ್ಚಿದ ಮ್ಯಾಲ ಎಲ್ಲಾರೂ ಕೈ ತೊಳಕೋಬೇಕು. ಆದ್ರ ನಿಮ್ಮ ನೋವು ಇರೂದ ಕೈಯಾಗ. ತೊಳದ್ರ ಔಷಧಿ ಹೋತು, ತೊಳೀಲಿಲ್ಲಂದ್ರ ಮಂದಿ ಕಣ್ಣು ಹೋತು. ಅದಕ್ಕ ದಿನದ ಕೊನೀ ಕೈಗೆ ಬಳಿ ಇಡಿಸಿದ ಮ್ಯಾಲ ಹಚ್ರಿ. ತಾಸಿನ ಮ್ಯಾಲ ಬಿಡ್ರಿ, ಆಮ್ಯಾಲ ಹರಿಯೂ ನೀರಾಗ ತೊಳೀರಿ. ಬೋಗುಣ್ಯಾಗ ಅಲ್ಲ. ಮೊಮ್ಮಕ್ಕಳನ್ನ ಎತ್ತಗೋಬೇಕಂದ್ರೂ ಇದ ಮಾತು.”

ರಹಿಮಾಬಿ ಒಂದೊಂದು ಮಾತಿಗೂ ಒಂದೊಂದು ಬೆರಳು ಮಡಚುತ್ತ ಹೋದಳು. ಆಮೇಲೆ ಡಾಕ್ಟರು ಅವಳ ಹೆಬ್ಬೆರಳನ್ನೂ ನೋಡಿದರು. ಬುಡದ ಕೀಲು ಸವೆದಿದೆ, ಹಚ್ಚುವ ಔಷಧಿಯಿಂದ ನೋವು ತಗ್ಗಬಹುದು, ಸವೆದದ್ದು ತುಂಬುವುದಿಲ್ಲ ಎಂದರು. ಹೆಬ್ಬೆರಳಿಗೆ ಹಾಕುವ ಪಟ್ಟಿ ಬರೆದುಕೊಟ್ಟರು. ಎರಡು ತಿಂಗಳು ಒತ್ತುವ ಕೆಲಸ ಬೇಡ, ಆಮೇಲೂ ಜೋರಾಗಿ ಒತ್ತಬೇಡಿ ಎಂದರು.

“ಒತ್ತದ ಬಳಿ ಹೆಂಗ ಇಡಸ್ಲಿ?” ರಹಿಮಾಬಿ ಹೊರಗೆ ಬಂದು ಯಾರಿಗೆಂದಿಲ್ಲದೆ ಕೇಳಿದಳು.

ಆಗ ಹುಲಿಗೆವ್ವ ಜೀಪು ಹತ್ತಿದ ಮೇಲೆ ಮೊದಲ ಸಲ ಅವಳ ಕಡೆಗೆ ತಿರುಗಿ ಮಾತಾಡಿದಳು. “ಇಷ್ಟು ನೋವಿದ್ರ ಬಾಯಿಲೆ ಹೇಳಾಕ ಏನಾಗಿತ್ತು ನಿನಗ?”

“ಹೇಳಿದ್ರ ಇನ್ನೊಬ್ಬಾಕಿನ್ನ ಕರೀತಿದ್ರಿ ಯಕ್ಕಾ.”

“ಕರೀತಿದ್ದೆ! ಕರದು, ಅಕಿ ಇಡಿಸಿದ ಬಳಿ ಸಮ ಅದಾವೋ ಇಲ್ಲೋ ಅಂತ ನಿನ್ನ ಕೇಳ್ತಿದ್ದೆ. ಹುಚ್ಚಿ.” ಕೂಸಿನ ತಲೆ ಸವರಿ ಅಂದಳು, “ಮೆಣಸಿನಕಾಯಿ ಹಾಕಿದ್ನೆಂದ್ರ ಕೂಸು ಏನಾಗ್ತಿತ್ತು? ನೀ ಬಾಯಿ ಬಿಟ್ಟದ್ದು ಚೊಲೋ ಆತು. ಆದ್ರ ನನ್ನ ಸಿಟ್ಟು ಇನ್ನೂ ಇಳಿದಿಲ್ಲ, ತಿಳೀತೋ ಇಲ್ಲೋ?”

“ತಿಳೀತ್ರಿ.”

ಆ ಎರಡು ತಿಂಗಳು ರಹಿಮಾಬಿ ಮನೆಯಲ್ಲಿಯೇ ಇದ್ದಳು. ದಿನಾ ಸಂಜೆ ಟ್ಯೂಬಿನ ಔಷಧಿಯನ್ನು ತೆಳ್ಳಗೆ ಹಚ್ಚಿ ಕೈಯನ್ನು ಮೊಣಕಾಲ ಮೇಲೆ ಇಟ್ಟುಕೊಂಡು ತಾಸು ಹೊತ್ತು ಕೂಡುತ್ತಿದ್ದಳು. ಆ ತಾಸು ಅವಳಿಗೆ ಕಾಸಿಂಸಾಬ ಚಹಾ ಮಾಡಿಕೊಡಬೇಕಾಗುತ್ತಿತ್ತು, ಬಾಯಿ ಮಾತ್ರ ಬಿಡುವಿಲ್ಲದೆ ಅವನಿಗೆ ಸಕ್ಕರೆಯ ಲೆಕ್ಕ ಹೇಳುತ್ತಿತ್ತು. ಹತ್ತು ಹನ್ನೆರಡು ದಿನಕ್ಕೆ ಊತ ಇಳಿಯಿತು. ವಾರ ವಾರ ಹೋಗಿ ಡಾಕ್ಟರಿಗೆ ತೋರಿಸಿ, ಇನ್ನೂ ಹಚ್ಚಲೋ ಬಿಡಲೋ ಎಂದು ಕೇಳಿಕೊಂಡೇ ಹಚ್ಚಿದಳು.

ನೋವು ತಗ್ಗಿದರೂ ಪ್ರಶ್ನೆ ಹಾಗೆಯೇ ಇತ್ತು. ಸೊಸೆ ಶಬಾನಾಳ ಕೈ ಹಿಡಿದು ದಿನಾ ಏನೇನೋ ಮಾಡಿ ನೋಡುತ್ತಿದ್ದಳು. ಎಡಗೈಯಿಂದ ಏರಿಸಿ ನೋಡಿದಳು, ಆಗಲಿಲ್ಲ. ಒಂದು ದಿನ ಶಬಾನಾ ಸಂತೆಯಿಂದ ತಂದ ತೆಳ್ಳನೆಯ ಪ್ಲಾಸ್ಟಿಕ್ ಚೀಲವನ್ನು ಕೈಗೆ ಸಿಕ್ಕಿಸಿಕೊಂಡು ತನ್ನ ಮಗುವನ್ನು ನಗಿಸುತ್ತಿದ್ದಳು. ರಹಿಮಾಬಿ ಕೂತಲ್ಲಿಂದ ಎದ್ದು, ಚೀಲ ತೊಟ್ಟ ಆ ಕೈಯ ಮೇಲೆಯೇ ಒಂದು ಬಳೆ ಇಟ್ಟು ಸರಿಸಿದಳು. ಬಳೆ ಪ್ಲಾಸ್ಟಿಕ್ಕಿನ ಮೇಲೆ ಜಾರಿ ಗೆಣ್ಣು ದಾಟಿ ಮಣಿಕಟ್ಟಿಗೆ ಹೋಗಿ ಕೂತಿತು. ಹೆಬ್ಬೆರಳಿಗೆ ಕೆಲಸವೇ ಬೀಳಲಿಲ್ಲ. ಚೀಲವನ್ನು ಮೆಲ್ಲಗೆ ಎಳೆದು ತೆಗೆದಳು. ಆಮೇಲೆ ಎರಡು-ನಾಲ್ಕರ ಕೈಗೆ ಎರಡು-ಆರರ ಬಳೆ, ಅಂದರೆ ಒಂದು ಅಳತೆ ದೊಡ್ಡದು, ಇಟ್ಟು ನೋಡಿದಳು. ಇನ್ನೂ ಹಗುರ.

“ಬಳಿ ಇಡಸ್ತೀಯೋ, ಸಂತ್ಯಾಗ ಬದನಿಕಾಯಿ ಕಟ್ತೀಯೋ?” ಎಂದು ಕಾಸಿಂಸಾಬ ನಕ್ಕ.

“ನಗ್ರಿ, ನಗ್ರಿ. ಬೋಗುಣಿನೂ ಬ್ಯಾಡ, ಸಾಬೂನೂ ಬ್ಯಾಡ.”

ಬಾಯಿಯಲ್ಲಿ ಹಾಗೆಂದರೂ ಅವಳಿಗೆ ನಾಚಿಕೆ ಇದ್ದೇ ಇತ್ತು. ಬಿಗಿ ಬಳೆಯ ರಹಿಮಾಬಿ ಇನ್ನು ಸಡಿಲ ಬಳೆಯವಳು. ಅದಕ್ಕಿಂತ ದೊಡ್ಡ ಅಂಜಿಕೆ ದೇವಣಗಾಂವದ್ದು. ಅಲ್ಲಿಗೆ ಹೋಗದೆ ಬೇರೆ ಊರುಗಳನ್ನೆಲ್ಲ ಸುತ್ತಿದಳು. ನಾಗರ ಪಂಚಮಿ ಹತ್ತಿರ ಬಂತು. ಪಂಚಮಿಗೆ ಬಳೆ ಇಡಿಸಿಕೊಳ್ಳದ ಹೆಂಗಸಿಲ್ಲ. ಆಗ ಹುಲಿಗೆವ್ವ ಬಸ್ಸಿನ ಡ್ರೈವರನ ಕೈಯಲ್ಲಿ ಹೇಳಿ ಕಳಿಸಿದಳು: “ಬಳಿಗಾರ್ತಿ ಜೀವಂತ ಅದಾಳೋ ಇಲ್ಲೋ ಕೇಳ್ಕೊಂಡ ಬಾ.”

ಹೋದಳು. ಅದೇ ಪಡಸಾಲೆ. ರಾಮವ್ವ ಇದ್ದಳು, ಓಣಿಯ ಇನ್ನೂ ಏಳೆಂಟು ಮಂದಿ ಇದ್ದರು. ಮಾತಾಡಿಸಿದರು, ನೀರು ಕೊಟ್ಟರು, ಮಲಾರದ ಬಣ್ಣಗಳನ್ನು ನೋಡಿದರು. ಆದರೆ ಮುಂದೆ ಬಂದು ಕೂಡುವವರು ಯಾರೂ ಇಲ್ಲ. ರಾಮವ್ವ ತನ್ನ ಸೀರೆಯ ಅಂಚನ್ನು ಸರಿಮಾಡಿಕೊಳ್ಳುತ್ತಲೇ ಇದ್ದಳು. ರಹಿಮಾಬಿ ಚಾಪೆಯ ಮೇಲೆ ಎರಡೂ ಅಂಗೈಯನ್ನು ಮೇಲೆ ಮಾಡಿ ಇಟ್ಟುಕೊಂಡು ಕೂತಳು.

ಹುಲಿಗೆವ್ವ ಒಳಗಿನಿಂದ ಬಂದು ಅವಳ ಮುಂದೆ ಚಕ್ಕಳ ಮಕ್ಕಳ ಹಾಕಿ ಕೂತಳು. ತನ್ನ ಕೈ ಚಾಚಲಿಲ್ಲ.

“ಮೊದಲ ನಿನ್ನ ಕೈ ಕೊಡು.”

ರಹಿಮಾಬಿ ಬಲಗೈ ಕೊಟ್ಟಳು. ಮೂವತ್ತೊಂದು ವರ್ಷದಲ್ಲಿ ಬಳೆ ಇಡಿಸಿಕೊಳ್ಳುವವರು ಅವಳ ಕೈ ಕೇಳಿದ್ದು ಇದೇ ಮೊದಲು. ಹುಲಿಗೆವ್ವ ಆ ಕೈಯನ್ನು ಮೂಗಿನ ಹತ್ತಿರ ಒಯ್ದು, ಕಣ್ಣು ಮುಚ್ಚಿ, ಉಗುರಿನ ಸಂದಿಗಳನ್ನೂ ಬಿಡದೆ ಮೂಸಿದಳು.

“ಸಾಬೂನ ಐತಿ,” ಎಂದಳು. ಇನ್ನೊಮ್ಮೆ ಮೂಸಿದಳು. “ಬಳ್ಳೊಳ್ಳಿ ಐತಿ.”

“ಮುಂಜಾನೆ ಚಟ್ನಿ ಕುಟ್ಟೇನ್ರಿ.”

“ಚಟ್ನಿ ನಡೀತೈತಿ. ಅದರಾಗ ಕರ್ಪೂರ ಹಾಕಿಲ್ಲಲ್ಲ?”

ಹೆಂಗಸರು ಒಮ್ಮೆಲೇ ನಕ್ಕರು. ಹುಲಿಗೆವ್ವ ತನ್ನ ಅಗಲವಾದ, ಹೊಲದ ಕೆಲಸಕ್ಕೆ ಬಿರುಸಾದ ಕೈಯನ್ನು ಚಾಚಿದಳು. ರಹಿಮಾಬಿ ಅದಕ್ಕೆ ಚೀಲ ಸಿಕ್ಕಿಸಿ, ಒಂದು ಅಳತೆ ದೊಡ್ಡದಾದ ಹಸಿರು ಬಳೆಗಳನ್ನು ಒಂದೊಂದೇ ಸರಿಸಿದಳು. ಹನ್ನೆರಡು ಮುಗಿದ ಮೇಲೆ ಹುಲಿಗೆವ್ವ ಕೈ ಎತ್ತಿ ಅಲ್ಲಾಡಿಸಿದಳು. ಬಳೆಗಳು ಗಲಗಲ ಎಂದು ಮೊಣಕೈಯ ಕಡೆಗೆ ಓಡಿದವು.

“ಸಡ್ಲ ಅದಾವಲ್ಲ?”

“ಹೌದ್ರಿ ಯಕ್ಕಾ, ಸಡ್ಲ ಅದಾವು. ಇನ್ ಮ್ಯಾಲ ನನ್ನ ಕೈಲೆ ಆಗೂದು ಇಷ್ಟ. ಬಿಗಿ ಬೇಕಂದ್ರ ಬ್ಯಾರೆದಾಕಿನ್ನ ಕರಸ್ರಿ, ನಾ ಬ್ಯಾಸರ ಮಾಡ್ಕೊಳ್ಳೂದಿಲ್ಲ.”

ಹುಲಿಗೆವ್ವ ಬಳೆಗಳನ್ನು ಮತ್ತೊಮ್ಮೆ ಗಲಗಲ ಮಾಡಿ, ಕಿವಿಗೊಟ್ಟು ಕೇಳಿದಳು. ಆಮೇಲೆ ಬಳೆ ಇಡಿಸಿಕೊಂಡವರು ಮಾಡುವಂತೆ ಮಲಾರವನ್ನು ಮುಟ್ಟಿ ಆ ಬೆರಳನ್ನು ಕಣ್ಣಿಗೆ ಒತ್ತಿಕೊಂಡಳು. ಒತ್ತಿಕೊಂಡು ಒಂದು ಕ್ಷಣ ಕಾದಳು. ಕಣ್ಣು ಉರಿಯಲಿಲ್ಲ.

“ಬಾ ರಾಮವ್ವಾ,” ಎಂದು ಎದ್ದಳು. “ಮೊದಲ ಅಕಿ ಕೈ ಮೂಸಿ ನೋಡು, ಆಮ್ಯಾಲ ಕುಂದ್ರು.”

ರಾಮವ್ವ ಬಂದು ಮೂಸಿದಳು. ಅವಳ ಹಿಂದಿನವಳು ಬಂದು ಮೂಸಿದಳು. ಮೂಸಿದವರೆಲ್ಲ ರಹಿಮಾಬಿಯ ಮನೆಯ ಚಟ್ನಿಗೆ ಏನೇನು ಬಿದ್ದಿದೆ ಎಂದು ಜಗಳಾಡಲು ಹತ್ತಿದರು. ಒಬ್ಬಳು ಕೊಬ್ಬರಿ ಐತಿ ಎಂದಳು, ಇನ್ನೊಬ್ಬಳು ಗುರೆಳ್ಳು ಎಂದಳು. ರಹಿಮಾಬಿ ಎರಡು-ಆರರ ಬಳೆ ಬಿಚ್ಚುತ್ತ, ಗುರೆಳ್ಳೇ ಎಂದು ಹೇಳಿದಳು.